ಡೋಂಗಲ್ ಯಾರ ಕೈಯಲ್ಲಿದೆ?

ಸ್ಪರ್ಧಾತ್ಮಕ ಪರೀಕ್ಷೆಗೆ ಓದುವವರಿಗೆಲ್ಲ ಈ ಪ್ರಶ್ನೆ ಬಾಯಿಪಾಠ: 'ಕರ್ನಾಟಕದ ಪಂಚಾಯಿತಿಗಳಲ್ಲಿ ಮಹಿಳೆಯರಿಗೆ ಇರುವ ಮೀಸಲಾತಿ ಎಷ್ಟು?' ಉತ್ತರ, ಶೇ 50. ರಾಯಚೂರಿನ ಗ್ರಂಥಾಲಯದಲ್ಲಿ ಕುಳಿತು ನಾನೂ ಹತ್ತಾರು ಮಾದರಿ ಪತ್ರಿಕೆಗಳಲ್ಲಿ ಈ ಉತ್ತರಕ್ಕೆ ಗುರುತು ಹಾಕಿದ್ದೇನೆ. ಅಂಕ ಬಂದಿದೆ. ಆದರೆ ದೇವದುರ್ಗ ತಾಲ್ಲೂಕಿನ ನಮ್ಮೂರಿಗೆ ಹೋದಾಗ ಚಿಗವ್ವ ಕೇಳಿದ ಒಂದು ಪ್ರಶ್ನೆಗೆ ಮಾತ್ರ ನನ್ನ ಬಳಿ ಉತ್ತರ ಇರಲಿಲ್ಲ.

ಚಿಗವ್ವ ಕೂಲಿ ಮಾಡಿ ಬದುಕುವವಳು. 2020ರ ಡಿಸೆಂಬರ್‌ನಲ್ಲಿ ನಡೆದ ಗ್ರಾಮ ಪಂಚಾಯಿತಿ ಚುನಾವಣೆಯಲ್ಲಿ ಗೆದ್ದಳು. ಮೀಸಲಾತಿ ಕೂಡಿ ಬಂದು ಮೊದಲ ಎರಡೂವರೆ ವರ್ಷ ಅಧ್ಯಕ್ಷೆಯೂ ಆದಳು. ಹಾರ, ಗುಲಾಲು, ಹಲಗೆ ಎಲ್ಲ ಆಯಿತು. ಕೆಲವು ತಿಂಗಳ ನಂತರ ಒಂದು ಸಂಜೆ, ರೊಟ್ಟಿ ಬಡಿಯುತ್ತಾ ಅವಳು ಕೇಳಿದಳು: "ಯವ್ವಾ, ನೀ ಓದಾಕಿ. ಪಂಚಾಯ್ತಿ ರೊಕ್ಕ ತಗಿಯಾಕ ನನ್ನ ಸಹಿ ಬೇಕಂತಾರ. ಆದ್ರ ನಾ ಒಂದಿನಾನೂ ಸಹಿ ಮಾಡಿಲ್ಲ. ಮತ್ತ ರೊಕ್ಕ ಹೆಂಗ ಹೊಂಟೈತಿ?"

ವಿಚಾರಿಸಿದಾಗ ಗೊತ್ತಾಯಿತು. 15ನೇ ಹಣಕಾಸು ಆಯೋಗದ ಅನುದಾನ ಖರ್ಚು ಮಾಡಲು ಈಗ ಚೆಕ್ ಬೇಕಿಲ್ಲ. ಅಧ್ಯಕ್ಷರು ಮತ್ತು ಪಿಡಿಒ ಇಬ್ಬರ ಡಿಜಿಟಲ್ ಸಹಿ ಬೀಳಬೇಕು. ಆ ಸಹಿ ಇರುವುದು ಪೆನ್‌ಡ್ರೈವ್‌ನಂಥ ಒಂದು ಸಣ್ಣ ಸಾಧನದಲ್ಲಿ. ಊರಲ್ಲಿ ಅದಕ್ಕೆ ಡೋಂಗಲ್ ಅನ್ನುತ್ತಾರೆ. ಚಿಗವ್ವನ ಹೆಸರಿನ ಡೋಂಗಲ್ ಊರಿನ ಒಬ್ಬ ಗುತ್ತಿಗೆದಾರನ ಜೇಬಿನಲ್ಲಿತ್ತು. ಕುರ್ಚಿ ಅವಳದು, ಹೆಸರು ಅವಳದು, ಸಹಿ ಮಾತ್ರ ಇನ್ನೊಬ್ಬರದು.

ಅಂದಿನಿಂದ ನನ್ನನ್ನು ಕಾಡುತ್ತಿರುವ ಪ್ರಶ್ನೆ ಇದು: ಊರಿನಲ್ಲಿ ನಿಜವಾದ ಅಧಿಕಾರ ಎಲ್ಲಿರುತ್ತದೆ? ಅದು ಕೈ ಬದಲಾಗುವುದು ಹೇಗೆ?

ದಫ್ತರದ ಕಾಲ

ನಮ್ಮ ಭಾಗ 1948ರವರೆಗೆ ಹೈದರಾಬಾದ್ ನಿಜಾಮನ ಆಳ್ವಿಕೆಯಲ್ಲಿತ್ತು. ಊರಿನಲ್ಲಿ ಕಂದಾಯಕ್ಕೆ ಮಾಲಿಪಾಟೀಲ, ಕಾನೂನು ವ್ಯವಸ್ಥೆಗೆ ಪೊಲೀಸ್ ಪಾಟೀಲ, ಲೆಕ್ಕಕ್ಕೆ ಕುಲಕರ್ಣಿ. ಇವೆಲ್ಲ ವಂಶಪಾರಂಪರ್ಯವಾಗಿ ಬರುತ್ತಿದ್ದ ಹುದ್ದೆಗಳು. ಇವತ್ತಿಗೂ ನಮ್ಮ ಕಡೆ ಇವು ಅಡ್ಡಹೆಸರಾಗಿ ಉಳಿದಿವೆ. ಯಾರ ಹೊಲ ಎಷ್ಟು, ಯಾರ ಬಾಕಿ ಎಷ್ಟು ಎಂಬುದು ಕುಲಕರ್ಣಿಯ ದಫ್ತರದಲ್ಲಿತ್ತು. ಓದು ಬಾರದವರಿಗೆ ಆ ದಫ್ತರವೇ ಸರ್ಕಾರ.

1949ರಲ್ಲಿ ಹೈದರಾಬಾದ್ ರಾಜ್ಯದಲ್ಲಿ ಜಾಗೀರು ಪದ್ಧತಿ ರದ್ದಾಯಿತು. 1956ರಲ್ಲಿ ರಾಯಚೂರು ಮೈಸೂರು ರಾಜ್ಯಕ್ಕೆ ಸೇರಿತು. 1961ರ ಕಾಯ್ದೆ ವಂಶಪಾರಂಪರ್ಯದ ಗ್ರಾಮ ಹುದ್ದೆಗಳನ್ನು ತೆಗೆದುಹಾಕಿತು. 1974ರಲ್ಲಿ ದೇವರಾಜ ಅರಸು ಸರ್ಕಾರದ ಭೂಸುಧಾರಣೆ ಬಂತು. ಕಾಗದದ ಮೇಲೆ ಹಳೆಯ ಯಜಮಾನಿಕೆ ಮುಗಿಯಿತು. ಆದರೆ ಹುದ್ದೆ ಹೋದರೂ ಹೊಲ, ಓದು, ಕಚೇರಿಯ ಪರಿಚಯ ಇದ್ದವರ ಮನೆಗೇ ಜನ ಹೋಗುವುದು ನಿಲ್ಲಲಿಲ್ಲ. ಕಾನೂನು ಕುರ್ಚಿಯನ್ನು ತೆಗೆಯಿತು, ಕೆಲಸ ಮಾಡಿಸಿಕೊಡುವ ಶಕ್ತಿಯನ್ನು ಹಂಚಲಿಲ್ಲ.

ಕಾಲುವೆ ಬರೆದ ಹೊಸ ಲೆಕ್ಕ

ಮಾನ್ವಿ ಕಡೆಯ ನನ್ನ ಗೆಳತಿಯೊಬ್ಬಳು ಹೇಳುವುದು ಬೇರೆ ಕಥೆ. ಅವಳೂರಿನಲ್ಲಿ ಅಧಿಕಾರ ನಿರ್ಧರಿಸಿದ್ದು ಪಾಟೀಲಕಿ ಅಲ್ಲ, ತುಂಗಭದ್ರಾ ಎಡದಂಡೆ ಕಾಲುವೆ. ಯೋಜನೆ ಮಾಡಿದಾಗ ಈ ಕಾಲುವೆಯ ಬಹುಪಾಲು ಪ್ರದೇಶಕ್ಕೆ ಕಡಿಮೆ ನೀರು ಬೇಡುವ ಬೆಳೆಗಳನ್ನು ನಿಗದಿ ಮಾಡಲಾಗಿತ್ತು. ಮೇಲ್ಭಾಗದಲ್ಲಿ ಭತ್ತ ಹೆಚ್ಚಿತು. ಆಂಧ್ರದಿಂದ ಬಂದ ರೈತರು ಜಮೀನು ಕೊಂಡು ಕ್ಯಾಂಪ್‌ಗಳನ್ನು ಕಟ್ಟಿಕೊಂಡರು, ಅವರನ್ನು ನೋಡಿ ಸ್ಥಳೀಯರೂ ಭತ್ತಕ್ಕೆ ಇಳಿದರು. ನೀರು ಮೇಲೆಯೇ ಮುಗಿದರೆ ಮಾನ್ವಿ ಮತ್ತು ರಾಯಚೂರು ತಾಲ್ಲೂಕಿನ ಕೊನೆ ಭಾಗದ ರೈತರು ಗೇಜ್ ನೋಡುತ್ತಾ ಕೂರಬೇಕು. ಬೆಳೆ ಬಾಡುವಾಗ ರಸ್ತೆ ತಡೆ ಮಾಡಬೇಕು. ಪ್ರತಿ ವರ್ಷ ಪತ್ರಿಕೆಯಲ್ಲಿ ನಾವು ಓದುವ ಸುದ್ದಿ ಇದು.

ಹೀಗಾಗಿ ಅಲ್ಲಿ ಪ್ರಭಾವಿ ಅಂದರೆ ಕಾಲುವೆಯ ಮೇಲ್ಭಾಗದಲ್ಲಿ ಹೊಲ ಇರುವವರು, ಅಕ್ಕಿ ಗಿರಣಿ ಇರುವವರು, ಬಿತ್ತನೆಗೆ ಮುಂಗಡ ಕೊಟ್ಟು ಫಸಲನ್ನು ತಮ್ಮ ಅಂಗಡಿಗೇ ತರಿಸಿಕೊಳ್ಳುವ ದಲಾಲರು. ಇವರು ಚುನಾವಣೆಗೆ ನಿಲ್ಲಲೇಬೇಕೆಂದಿಲ್ಲ. ನಿಂತವರಿಗೆ ಖರ್ಚು ಮಾಡಿದರೆ ಸಾಕು.

ಮುಖ ಬದಲಾಯಿತು

ಮೀಸಲಾತಿ ಬದಲಾವಣೆ ತಂದಿಲ್ಲ ಎಂದು ನಾನು ಹೇಳುತ್ತಿಲ್ಲ. ದೊಡ್ಡ ಬದಲಾವಣೆಯನ್ನೇ ತಂದಿದೆ. ಸಂವಿಧಾನದ 73ನೇ ತಿದ್ದುಪಡಿಗೂ ಮೊದಲೇ, ರಾಮಕೃಷ್ಣ ಹೆಗಡೆ ಸರ್ಕಾರದಲ್ಲಿ ಸಚಿವರಾಗಿದ್ದ ಅಬ್ದುಲ್ ನಜೀರ್ ಸಾಬ್ ಅವರ ಆಸಕ್ತಿಯಿಂದ 1987ರಲ್ಲಿ ಜಿಲ್ಲಾ ಪರಿಷತ್ ಮತ್ತು ಮಂಡಲ ಪಂಚಾಯಿತಿಗಳಿಗೆ ಚುನಾವಣೆ ನಡೆಯಿತು. ಆಗಲೇ ಮಹಿಳೆಯರಿಗೆ ಶೇ 25ರಷ್ಟು ಸ್ಥಾನ ಇತ್ತು. 1993ರ ಕಾಯ್ದೆ ಅದನ್ನು ಮೂರನೇ ಒಂದಕ್ಕೆ ಏರಿಸಿತು, 2010ರ ತಿದ್ದುಪಡಿ ಶೇ 50ಕ್ಕೆ ತಂದಿತು.

ವಿಧಾನಸಭೆಯ ಮಟ್ಟದಲ್ಲೂ ಹೀಗೆಯೇ. 1991ರಲ್ಲಿ ಬೇಡ, ವಾಲ್ಮೀಕಿ ಮುಂತಾದ ಹೆಸರುಗಳು ಪರಿಶಿಷ್ಟ ಪಂಗಡದ ಪಟ್ಟಿಗೆ ಸೇರಿದವು. ಕ್ಷೇತ್ರ ಮರುವಿಂಗಡಣೆಯ ನಂತರ, 2008ರಿಂದ ರಾಯಚೂರು ಜಿಲ್ಲೆಯ ಏಳು ಕ್ಷೇತ್ರಗಳಲ್ಲಿ ದೇವದುರ್ಗ, ಮಾನ್ವಿ, ಮಸ್ಕಿ ಮತ್ತು ರಾಯಚೂರು ಗ್ರಾಮೀಣ ಪರಿಶಿಷ್ಟ ಪಂಗಡಕ್ಕೆ, ಲಿಂಗಸುಗೂರು ಪರಿಶಿಷ್ಟ ಜಾತಿಗೆ ಮೀಸಲು. ಉಳಿದ ಸಾಮಾನ್ಯ ಕ್ಷೇತ್ರಗಳು ರಾಯಚೂರು ನಗರ ಮತ್ತು ಸಿಂಧನೂರು ಮಾತ್ರ. ನಮ್ಮ ಅಜ್ಜನ ಕಾಲದಲ್ಲಿ ಗೌಡರ ಕಟ್ಟೆಯ ಮುಂದೆ ಚಪ್ಪಲಿ ಕೈಯಲ್ಲಿ ಹಿಡಿದು ನಡೆಯುತ್ತಿದ್ದವರ ಮೊಮ್ಮಕ್ಕಳು ಇಂದು ವೇದಿಕೆಯ ಮೇಲೆ ಕೂರುತ್ತಾರೆ. ಇದನ್ನು ಸಣ್ಣದು ಎನ್ನುವವರು ಆ ಕಟ್ಟೆಯ ಮುಂದೆ ಎಂದೂ ನಡೆದವರಲ್ಲ.

2023ರ ಚುನಾವಣೆಯ ಫಲಿತಾಂಶವನ್ನೂ ನೋಡಬೇಕು. ವಿಧಾನಸಭೆಯಲ್ಲಿ ಮಹಿಳಾ ಮೀಸಲಾತಿ ಇನ್ನೂ ಜಾರಿಗೆ ಬಂದಿಲ್ಲ. ಆದರೂ ದೇವದುರ್ಗದ ಮತದಾರರು ಜೆಡಿಎಸ್‌ನ ಕರೆಮ್ಮ ಜಿ. ನಾಯಕ ಅವರನ್ನು ಗೆಲ್ಲಿಸಿದರು. ಜಿಲ್ಲೆಯಿಂದ ಗೆದ್ದ ಏಳು ಶಾಸಕರಲ್ಲಿ ಅವರೊಬ್ಬರೇ ಮಹಿಳೆ. ಡಿ.ಎಂ. ನಂಜುಂಡಪ್ಪ ಸಮಿತಿ 2002ರಲ್ಲಿ ಅತ್ಯಂತ ಹಿಂದುಳಿದ ತಾಲ್ಲೂಕುಗಳ ಪಟ್ಟಿಗೆ ಸೇರಿಸಿದ ದೇವದುರ್ಗ ಈ ವಿಷಯದಲ್ಲಿ ಜಿಲ್ಲಾ ಕೇಂದ್ರಕ್ಕಿಂತ ಮುಂದಿದೆ.

ಕೇಳಲು ಯಾರಿದ್ದಾರೆ?

ಆದರೆ ಹೊಸಬರು ಏಣಿ ಹತ್ತುವಾಗಲೇ ನಡುವಿನ ಮೆಟ್ಟಿಲು ತೆಗೆದರೆ? ಜಿಲ್ಲಾ ಮತ್ತು ತಾಲ್ಲೂಕು ಪಂಚಾಯಿತಿಗಳಿಗೆ ಕೊನೆಯ ಬಾರಿ ಚುನಾವಣೆ ನಡೆದದ್ದು 2016ರಲ್ಲಿ. 2021ರಲ್ಲಿ ಅವಧಿ ಮುಗಿಯಿತು. ಕ್ಷೇತ್ರ ವಿಂಗಡಣೆ, ಮೀಸಲಾತಿ, ಕೋರ್ಟು ಎಂದು ಚುನಾವಣೆ ವರ್ಷಗಟ್ಟಲೆ ಮುಂದೆ ಹೋಯಿತು, ಆಡಳಿತಾಧಿಕಾರಿಗಳು ಬಂದರು. ಗ್ರಾಮ ಪಂಚಾಯಿತಿಯಲ್ಲಿ ಪಳಗಿದ ಹೆಣ್ಣುಮಗಳು ತಾಲ್ಲೂಕು, ಜಿಲ್ಲಾ ಪಂಚಾಯಿತಿಗೆ ಹೋಗುವ ದಾರಿ ಮುಚ್ಚಿತು. ಹಾಸ್ಟೆಲ್‌ನಲ್ಲಿ ಊಟ ಸರಿಯಿಲ್ಲ, ಊರಿಗೆ ಬಸ್ ಬರುತ್ತಿಲ್ಲ ಎಂದರೆ ಒಂದೋ ಅಧಿಕಾರಿಯ ಬಾಗಿಲು, ಇಲ್ಲವೇ ಶಾಸಕರ ಮನೆ. ನಡುವೆ ಯಾರೂ ಇಲ್ಲ. ಖಾಲಿ ಬಿದ್ದ ಆ ಜಾಗದಲ್ಲಿ 'ನಾ ಮಾಡಿಸಿಕೊಡ್ತೀನಿ' ಎನ್ನುವ ಮಧ್ಯವರ್ತಿಗಳು ಬಂದು ಕೂರುತ್ತಾರೆ.

ನಗರದಲ್ಲೂ ಉತ್ತರದಾಯಿತ್ವದ ಪ್ರಶ್ನೆ ಇದೆ. 2022ರ ಮೇ ಕೊನೆಯಲ್ಲಿ ರಾಯಚೂರು ನಗರದಲ್ಲಿ ಕಲುಷಿತ ಕುಡಿಯುವ ನೀರಿನಿಂದ ಜನ ಸತ್ತರು, ಹಲವರು ವಾಂತಿ ಭೇದಿಯಿಂದ ಆಸ್ಪತ್ರೆ ಸೇರಿದರು. ಎರಡು ನದಿಗಳ ನಡುವಿನ ಜಿಲ್ಲೆಯ ಕೇಂದ್ರದಲ್ಲಿ ನಲ್ಲಿ ನೀರು ಕುಡಿದು ಸಾಯುವುದೆಂದರೆ ಅದು ಬರೀ ಪೈಪಿನ ದೋಷವಲ್ಲ. ನೀರು ಶುದ್ಧ ಇದೆಯೇ ಎಂದು ಪ್ರತಿ ವಾರ್ಡಿನಲ್ಲೂ ಮೊದಲೇ ಕೇಳುವವರು ಇರಲಿಲ್ಲ ಎಂದರ್ಥ. ರಾಯಚೂರನ್ನು ಮಹಾನಗರ ಪಾಲಿಕೆ ಮಾಡಲು 2024ರ ಸೆಪ್ಟೆಂಬರ್‌ನಲ್ಲಿ ಕಲಬುರಗಿಯಲ್ಲಿ ನಡೆದ ಸಚಿವ ಸಂಪುಟ ಸಭೆ ಒಪ್ಪಿತು. ಬೋರ್ಡು ಬದಲಾದರೆ ಸಂತೋಷವೇ. ವಾರ್ಡಿನ ನೀರಿನ ಪರೀಕ್ಷಾ ವರದಿ ಜನರ ಕೈಗೆ ಬಂದರೆ ಇನ್ನೂ ಸಂತೋಷ.

ರಸೀದಿ ಕೊಟ್ಟ ಧೈರ್ಯ

ಹಾಗಾದರೆ ಅಧಿಕಾರ ನಿಜವಾಗಿ ಕೈ ಬದಲಾಯಿಸಿದ್ದನ್ನು ನಾನು ಎಲ್ಲಾದರೂ ನೋಡಿದ್ದೇನೆಯೇ? ನೋಡಿದ್ದೇನೆ, ಒಂದು ಅರ್ಜಿಯಲ್ಲಿ.

ಉದ್ಯೋಗ ಖಾತ್ರಿ ಯೋಜನೆ 2006ರ ಫೆಬ್ರುವರಿಯಲ್ಲಿ ದೇಶದ 200 ಜಿಲ್ಲೆಗಳಲ್ಲಿ ಶುರುವಾದಾಗ ಆ ಮೊದಲ ಪಟ್ಟಿಯಲ್ಲಿ ರಾಯಚೂರು ಇತ್ತು. ಗಂಡಿಗೂ ಹೆಣ್ಣಿಗೂ ಸಮಾನ ಕೂಲಿ. ಕೆಲಸ ಕೇಳಿ ನಮೂನೆ 6ರಲ್ಲಿ ಅರ್ಜಿ ಕೊಟ್ಟರೆ ಪಂಚಾಯಿತಿ ದಿನಾಂಕ ಇರುವ ರಸೀದಿ ಕೊಡಬೇಕು, 15 ದಿನದೊಳಗೆ ಕೆಲಸ ಕೊಡದಿದ್ದರೆ ನಿರುದ್ಯೋಗ ಭತ್ಯೆ ಕೊಡಬೇಕು ಎಂದು ಆ ಕಾಯ್ದೆ ಹೇಳಿತು. ಎಲ್ಲ ಗುಟ್ಟು ಇದ್ದದ್ದು ಆ ರಸೀದಿಯಲ್ಲಿ. ರಸೀದಿ ಇಲ್ಲದಿದ್ದರೆ ಅರ್ಜಿಯೇ ಬಂದಿಲ್ಲ ಎನ್ನಬಹುದು. ರಸೀದಿ ಇದ್ದರೆ ಹಾಗೆನ್ನಲು ಬರುವುದಿಲ್ಲ. ಗ್ರಾಮೀಣ ಕೂಲಿ ಕಾರ್ಮಿಕರ ಸಂಘಟನೆಯಂಥ ಸಂಘಗಳ ಮಹಿಳೆಯರು ಇದನ್ನು ಬೇಗ ಅರ್ಥ ಮಾಡಿಕೊಂಡರು. ಅಕ್ಷರ ಬಾರದ ಹೆಂಗಸರು ಪಂಚಾಯಿತಿ ಮುಂದೆ ಕುಳಿತು "ರಸೀದಿ ಕೊಡ್ರಿ, ಹೋಗ್ತೀವಿ" ಎನ್ನುವುದನ್ನು ಕಲಿತರು.

ಗುಳೆ ಹೋಗುವುದು ನಿಂತಿಲ್ಲ. ಸುಗ್ಗಿ ಮುಗಿದರೆ ಬೆಂಗಳೂರು, ಹೈದರಾಬಾದ್, ಪುಣೆಯ ಬಸ್ಸುಗಳು ಇಂದಿಗೂ ತುಂಬುತ್ತವೆ. ಆದರೂ ಊರಲ್ಲಿ ಉಳಿದವರಿಗೆ 'ದೊಡ್ಡವರ ಹೊಲದಾಗ ಕರೆದ್ರ ಮಾತ್ರ ಕೂಲಿ' ಎಂಬ ಸ್ಥಿತಿ ಸ್ವಲ್ಪ ಸಡಿಲವಾಯಿತು. ಯೋಜನೆಗಳ ಹೆಸರು, ನಿಯಮಗಳು ಬದಲಾಗಬಹುದು. ರಸೀದಿ ಕೇಳಿ ಕಲಿತ ಬಾಯಿ ಮತ್ತೆ ಮುಚ್ಚುವುದು ಕಷ್ಟ.

ಚಿಗವ್ವನಿಗೆ ಧೈರ್ಯ ಬಂದದ್ದೂ ಅಲ್ಲಿಂದಲೇ. ನಾನು ಕಾಯ್ದೆ ಓದಿ ಹೇಳಿದೆ, ಅಷ್ಟೆ. ಅವಳು ತನ್ನ ಸ್ವಸಹಾಯ ಸಂಘದ ಏಳೆಂಟು ಹೆಂಗಸರನ್ನು ಕರೆದುಕೊಂಡು ಪಂಚಾಯಿತಿಗೆ ಹೋಗಿ ಡೋಂಗಲ್ ಕೇಳಿದಳು. ಮೊದಲ ದಿನ "ರಿಪೇರಿಗೆ ಹೋಗೈತಿ" ಎಂಬ ಉತ್ತರ ಬಂತು. ಎರಡನೇ ಸಲ "ನಿಮಗ್ಯಾಕ ಬೇಕವ್ವಾ ತಲಿನೋವು" ಎಂದರು. ಮೂರನೇ ಸಲ ಲಿಖಿತ ಅರ್ಜಿ ಕೊಟ್ಟು ರಸೀದಿ ಕೇಳಿದಳು. ಆ ವಾರವೇ ಡೋಂಗಲ್ ಮನೆಗೆ ಬಂತು.

ಅದರಿಂದ ಎಲ್ಲವೂ ಸರಿಹೋಗಲಿಲ್ಲ. ಚರಂಡಿ ಕಾಮಗಾರಿಯೊಂದರ ಬಿಲ್ಲಿಗೆ 'ಕೆಲಸ ನೋಡಿ ಸಹಿ ಮಾಡ್ತೀನಿ' ಎಂದಿದ್ದಕ್ಕೆ ಸದಸ್ಯರು ಸಭೆಗೆ ಬರುವುದನ್ನೇ ಬಿಟ್ಟರು. ಚಿಕ್ಕಪ್ಪನಿಗೆ ಕೆಲವು ದಿನ ಯಾರೂ ಕೂಲಿಗೆ ಕರೆಯಲಿಲ್ಲ. ಎರಡೂವರೆ ವರ್ಷ ಮುಗಿದಾಗ ಅಧ್ಯಕ್ಷ ಸ್ಥಾನದ ಮೀಸಲಾತಿ ಬದಲಾಯಿತು, ಅವಳು ಮತ್ತೆ ಹೊಲಕ್ಕೆ ಹೋದಳು. ಆದರೆ ಮುಂದಿನ ಅಧ್ಯಕ್ಷೆ ಬಂದು ಮೊದಲು ಕೇಳಿದ್ದು ಚಿಗವ್ವನನ್ನು: "ಅಕ್ಕಾ, ಆ ಡೋಂಗಲ್ ಯಾರ ಕಡಿಂದ ಇಸಗೋಬೇಕು?"

ನಾಳೆ ಆ ಕುರ್ಚಿ ನಮ್ಮದು

ಇಷ್ಟೆಲ್ಲ ಬರೆಯಲು ಒಂದು ಕಾರಣವಿದೆ. ಕಳೆದ ಬಾರಿ ಪಿಡಿಒ ಹುದ್ದೆಗಳಿಗೆ ಅರ್ಜಿ ಕರೆದಾಗ ಕಲ್ಯಾಣ ಕರ್ನಾಟಕಕ್ಕೆ 97 ಹುದ್ದೆಗಳಿದ್ದವು. ಗ್ರಾಮ ಆಡಳಿತಾಧಿಕಾರಿ ಹುದ್ದೆಗೂ ನಮ್ಮಲ್ಲಿ ಬಹಳ ಮಂದಿ ಪರೀಕ್ಷೆ ಬರೆದಿದ್ದೇವೆ. 371(ಜೆ) ಅಡಿ ಸ್ಥಳೀಯ ವೃಂದದಲ್ಲಿ 'ಸಿ' ಗುಂಪಿನ ಶೇ 80ರಷ್ಟು ಹುದ್ದೆಗಳು ಈ ಭಾಗದವರಿಗೇ ಮೀಸಲು. ಅಂದರೆ ಕುಲಕರ್ಣಿಯ ದಫ್ತರ ಇದ್ದ ಜಾಗದಲ್ಲಿ ನಾಳೆ ಕೂರುವವರು ಗ್ರಂಥಾಲಯದಲ್ಲಿ ನನ್ನ ಪಕ್ಕದಲ್ಲಿ ಓದುತ್ತಿರುವ ನೀವೇ.

ಆ ದಿನ ಸೀರೆಯ ಸೆರಗು ಸರಿಪಡಿಸಿಕೊಳ್ಳುತ್ತಾ ಒಬ್ಬ ಅಧ್ಯಕ್ಷೆ ನಿಮ್ಮ ಮುಂದೆ ಬಂದು ನಿಲ್ಲುತ್ತಾಳೆ. ಅವಳ ಜೊತೆ ಬಂದ ಗಂಡಸು ಮಾತನಾಡಲು ಶುರು ಮಾಡುತ್ತಾನೆ. ಆಗ ನೀವು ಯಾರ ಮುಖ ನೋಡಿ ಉತ್ತರ ಕೊಡುತ್ತೀರಿ ಎಂಬುದರ ಮೇಲೆ ಆ ಊರಿನ ಅಧಿಕಾರ ಯಾರದೆಂದು ತೀರ್ಮಾನವಾಗುತ್ತದೆ. ನೌಕರಿ ಸಿಗುವವರೆಗೂ ಕಾಯಬೇಕಿಲ್ಲ. ಆರು ತಿಂಗಳಿಗೊಮ್ಮೆಯಾದರೂ ಗ್ರಾಮಸಭೆ ನಡೆಯಬೇಕೆಂದು ಕಾಯ್ದೆ ಇದೆ. ನಿಮ್ಮೂರಿನ ಮುಂದಿನ ಸಭೆಗೆ ಹೋಗಿ. ಖರ್ಚಿನ ಪಟ್ಟಿ ಓದಿ ಹೇಳಿ ಎಂದು ಕೇಳಿ.

ಮತ್ತೆ, ನಿಮ್ಮ ಅಧ್ಯಕ್ಷೆಯನ್ನು ಒಮ್ಮೆ ಮೆಲ್ಲಗೆ ವಿಚಾರಿಸಿ, ಡೋಂಗಲ್ ಯಾರ ಹತ್ತಿರ ಇದೆ ಎಂದು.