ಒಂದು ದಾರ, ಒಂದು ಸ್ಕೇಲು, ಅಜ್ಜಿಯ ದೀಪ

ಜಯನಗರದ ಹಳೇ ಮನೆಗಳು ಒಂದೊಂದಾಗಿ ಬಿಲ್ಡರ್ ಕೈ ಸೇರ್ತಿವೆ. ಮನೆ ಖಾಲಿ ಮಾಡುವಾಗ ತೇಗದ ಬಾಗಿಲು, ಕಿಟಕಿಗಳಿಗೆ ಒಳ್ಳೇ ರೇಟ್ ಸಿಗುತ್ತೆ. ವರಾಂಡದ ಹಿತ್ತಾಳೆ ದೀಪ ಮಾತ್ರ ತೂಕದ ಲೆಕ್ಕದಲ್ಲಿ ಗುಜರಿಗೆ ಹೋಗುತ್ತೆ. ಯಾಕೆ ಅಂದ್ರೆ ಒಂದೇ ಉತ್ತರ: "ಗಾಜು ಒಡೆದಿದೆ, ಆ ಸೈಜ್ ಈಗ ಸಿಗಲ್ಲ." ಆದರೆ ಆ ಸೈಜ್ ಎಷ್ಟು ಅಂತ ಅಳೆದು ನೋಡಿದವರು ಕಡಿಮೆ.

ನಮ್ಮ ಅಜ್ಜಿ ಜಯನಗರ ಬಿಟ್ಟು ಜೆ.ಪಿ. ನಗರದ ನಮ್ಮ ಫ್ಲ್ಯಾಟಿಗೆ ಬರುವಾಗ ಹಟ ಹಿಡಿದು ತಂದದ್ದು ಇಂಥದ್ದೇ ಒಂದು ದೀಪ. "ಅದು ಹತ್ತಿದ್ರೇನೇ ನಂಗೆ ಸಂಜೆ ಆಯ್ತು ಅನ್ಸೋದು" ಅಂದರು. ಗಾಜಿನ ಬುರುಡೆ ಮಾತ್ರ ಚೂರಾಗಿತ್ತು.

ಇಲ್ಲಿ ಮುಖ್ಯವಾದದ್ದು ಬುರುಡೆ ಎಷ್ಟು ದೊಡ್ಡದು ಅನ್ನೋದಲ್ಲ, ಹೋಲ್ಡರಿನೊಳಗೆ ಕೂರುವ ಗಾಜಿನ ಕತ್ತಿನ ಹೊರ ಅಳತೆ. ಸಾಮಾನ್ಯವಾಗಿ ಸಿಗುವ ಸೈಜುಗಳು 2¼, 3¼ ಮತ್ತು 4 ಇಂಚು. ಅಂದರೆ ಸುಮಾರು 57, 83, 102 ಮಿ.ಮೀ. ಗಾಜು ಉಳಿದಿದ್ದರೆ ಕತ್ತಿನ ತುದಿಗೆ ದಾರ ಸುತ್ತಿ, ಬಂದ ಉದ್ದವನ್ನು 3.14ರಿಂದ ಭಾಗಿಸಿ. ದಾರ 26 ಸೆಂ.ಮೀ. ಬಂದರೆ ನಿಮ್ಮದು 3¼ ಇಂಚಿನದು. ಗಾಜು ಚೂರಾಗಿದ್ದರೆ ಹೋಲ್ಡರಿನ ಒಳ ಅಗಲ ಅಳೆದು ಸುಮಾರು 3 ಮಿ.ಮೀ. ಕಳೆಯಿರಿ. ನಾನು ಮಾಡಿದ್ದು ಇದನ್ನೇ.

ಆ 3 ಮಿ.ಮೀ. ಸಡಿಲ ಬೇಕೇ ಬೇಕು. ಬಿಸಿಗೆ ಹಿತ್ತಾಳೆ ಗಾಜಿನ ಸುಮಾರು ಎರಡರಷ್ಟು ಹಿಗ್ಗುತ್ತೆ, ತಣ್ಣಗಾದಾಗ ಅಷ್ಟೇ ಕುಗ್ಗುತ್ತೆ. ಬಿಗಿಯಾಗಿ ಕೂರಿಸಿದರೆ ಕತ್ತು ಹಿಚುಕಿದಂತಾಗಿ ಗಾಜು ಬಿರಿಯುತ್ತೆ. ಅದಕ್ಕೇ ಸುತ್ತಲಿನ ಮೂರು ಸ್ಕ್ರೂಗಳನ್ನು ದೀಪ ತಣ್ಣಗಿರುವಾಗ, ಬೆರಳಲ್ಲೇ, ಒಂದೇ ಸಮ ತಿರುಗಿಸಿ. ಗಾಜು ಬೀಳಬಾರದು, ಕೊಂಚ ಅಲ್ಲಾಡಬೇಕು, ಅಷ್ಟೇ ಸಾಕು. ಬಲ್ಬ್ ಕೂಡ ಗಾಜಿಗೆ ತಾಗಬಾರದು. ಬುರುಡೆ ಮುಚ್ಚಿದ ಹಾಗಿದ್ದರೆ ಕಡಿಮೆ ವ್ಯಾಟಿನ ಎಲ್‌ಇಡಿ ಹಾಕಿ. ಗಾಳಿಯಾಡದಿದ್ದರೆ ಎಲ್‌ಇಡಿಯ ಆಯಸ್ಸೂ ಕಡಿಮೆಯಾಗುತ್ತೆ.

ಎಸ್.ಪಿ. ರೋಡಿನ ಅಂಗಡಿಗೆ ಹೋಗಿ "ಹಳೇ ಥರದ ಗ್ಲೋಬ್ ಇದ್ಯಾ?" ಅಂದಾಗ ಅಂಗಡಿಯವರು ತಲೆ ಅಲ್ಲಾಡಿಸಿದರು. "ಕತ್ತು ಮೂರೂಕಾಲು ಇಂಚು" ಅಂದ ತಕ್ಷಣ ಅಟ್ಟದ ಡಬ್ಬ ಕೆಳಗಿಳೀತು. ಆವತ್ತು ಸಂಜೆ ಸ್ವಿಚ್ ಒತ್ತಿದ್ದು ಅಜ್ಜಿಯೇ.

ನಿಮ್ಮ ಮನೆಯಲ್ಲೂ ಇಂಥ ದೀಪ ಇದ್ದರೆ, ಗಾಜು ಚೆನ್ನಾಗಿರುವಾಗಲೇ ಮೂರು ಅಳತೆ ತಗೊಳ್ಳಿ: ಕತ್ತು, ಎತ್ತರ, ಹೊಟ್ಟೆಯ ಅಗಲ. ಒಂದು ಫೋಟೋ ಜೊತೆ ಫೋನಿನಲ್ಲಿ ಬರೆದಿಟ್ಟುಕೊಳ್ಳಿ. ಎರಡು ನಿಮಿಷದ ಕೆಲಸ. ಗುಜರಿಯವರು ಗೇಟಿನ ಹತ್ತಿರ ಬಂದಾಗ ಅದೇ ಉಪಯೋಗಕ್ಕೆ ಬರೋದು.