ಕತ್ತರಿಸಿ ಅಂಟಿಸಿದ ರಾಗ

1963ನೆಯ ನವೆಂಬರ್ 23ರ ಸಂಜೆ ಬ್ರಿಟನ್ನಿನ ಬಿ.ಬಿ.ಸಿ. ಟೆಲಿವಿಷನ್ನಿನಲ್ಲಿ ‘ಡಾಕ್ಟರ್ ಹೂ’ ಎಂಬ ಧಾರಾವಾಹಿ ಆರಂಭವಾಯಿತು. ಅದರ ಪೀಠಿಕಾಸಂಗೀತ ಯಾವ ವಾದ್ಯದ್ದೆಂದು ಕೇಳಿದವರಿಗೆ ತಿಳಿಯಲಿಲ್ಲ. ತಿಳಿಯುವುದಾದರೂ ಹೇಗೆ? ಹೆಸರಿಸಬಹುದಾದ ವಾದ್ಯವೊಂದೂ ಅದರಲ್ಲಿರಲಿಲ್ಲ. ತೆರೆಯ ಮೇಲೆ ಮೂಡಿದುದು ರಾಗವನ್ನು ಬರೆದ ರಾನ್ ಗ್ರೇನರನ ಹೆಸರು ಮತ್ತು ಬಿ.ಬಿ.ಸಿ.ಯ ರೇಡಿಯೋಫೋನಿಕ್ ಕಾರ್ಯಾಗಾರದ ಹೆಸರು. ಆ ನಾದವನ್ನು ಕಟ್ಟಿದ 26 ವರ್ಷದ ತರುಣಿ ಡೀಲಿಯಾ ಡಾರ್ಬಿಷರಳ ಹೆಸರು ಎಲ್ಲಿಯೂ ಇರಲಿಲ್ಲ.

ಈಕೆ ಕೊವೆಂಟ್ರಿ ನಗರದವಳು. 1940ರಲ್ಲಿ ಜರ್ಮನರ ಬಾಂಬುಗಳು ಆ ಊರನ್ನು ಸುಟ್ಟಾಗ ಮೂರು ವರ್ಷದ ಮಗು. ವಿಮಾನದಾಳಿಯ ಎಚ್ಚರಿಕೆಯ ಸೈರನ್ನಿನ ಏರಿಳಿತವೇ ವಿಚಿತ್ರ ಧ್ವನಿಗಳತ್ತ ತನ್ನ ಮನಸ್ಸನ್ನು ಸೆಳೆಯಿತೆಂದು ಮುಂದೆ ಹೇಳುತ್ತಿದ್ದಳು. ಕೇಂಬ್ರಿಜ್‌ನಲ್ಲಿ ಗಣಿತವನ್ನೂ ಸಂಗೀತವನ್ನೂ ಓದಿ 1959ರಲ್ಲಿ ಡೆಕ್ಕಾ ಕಂಪನಿಯಲ್ಲಿ ಕೆಲಸ ಕೇಳಿದಾಗ, ಧ್ವನಿಮುದ್ರಣ ಶಾಲೆಗೆ ಹೆಂಗಸರನ್ನು ಸೇರಿಸಿಕೊಳ್ಳುವುದಿಲ್ಲವೆಂಬ ಉತ್ತರ ದೊರೆಯಿತು. ಮರುವರ್ಷ ಬಿ.ಬಿ.ಸಿ.ಯನ್ನೂ, 1962ರಲ್ಲಿ ಅದರ ಕಾರ್ಯಾಗಾರವನ್ನೂ ಸೇರಿದಳು.

ಗ್ರೇನರ್ ಕೊಟ್ಟದ್ದು ಒಂದೇ ಹಾಳೆ. ಅದರಲ್ಲಿ ಸ್ವರಗಳ ಜೊತೆಗೆ ‘ಗಾಳಿಯ ಗುಳ್ಳೆ’, ‘ಮೋಡ’ ಎಂಬಂಥ ಸೂಚನೆಗಳು! ಮೋಡವನ್ನು ನುಡಿಸುವುದೆಂತು? ಸಿಂಥಸೈಸರ್ ಯಂತ್ರ ಇನ್ನೂ ಪೇಟೆಗೆ ಬಂದಿರಲಿಲ್ಲ. ಯಂತ್ರಪರೀಕ್ಷೆಗೆ ಬಳಸುವ ಆಸಿಲೇಟರುಗಳ ಶುದ್ಧಶ್ರುತಿ, ಮೀಟಿದ ಒಂದು ತಂತಿಯ ದನಿ, ಜಲಪಾತದ ಮೊರೆತದಂಥ ಶಬ್ದ, ಇವನ್ನು ಟೇಪಿನ ಮೇಲೆ ಹಿಡಿದು, ವೇಗವನ್ನು ಹೆಚ್ಚುಕಡಿಮೆ ಮಾಡಿ ಬೇಕಾದ ಸ್ಥಾಯಿಗೆ ತಂದು, ಒಂದೊಂದು ಸ್ವರವನ್ನೂ ಬ್ಲೇಡಿನಿಂದ ಕತ್ತರಿಸಿ ಅಂಟಿಸಬೇಕಾಯಿತು. ಟೇಪು ಸೆಕೆಂಡಿಗೆ 15 ಅಂಗುಲ ಓಡುವುದಾದರೆ ಅರ್ಧ ಸೆಕೆಂಡಿನ ಸ್ವರವೆಂದರೆ ಏಳೂವರೆ ಅಂಗುಲದ ತುಂಡು. ತಾಳವನ್ನು ಅಡಿಕೋಲಿನಿಂದ ಅಳೆದ ಸಂಗೀತವಿದು! ಒಮ್ಮೆ ಎಲ್ಲಿಯೋ ಒಂದು ಸ್ವರ ತಪ್ಪಿದಾಗ ಈಕೆಯೂ ಸಹಾಯಕ ಡಿಕ್ ಮಿಲ್ಸನೂ ಟೇಪುಗಳನ್ನು ಉದ್ದನೆಯ ಕಾರಿಡಾರಿನಲ್ಲಿ ಪಕ್ಕಪಕ್ಕಕ್ಕೆ ಹಾಸಿ, ಯಾವ ಅಂಟು ಸಾಲು ತಪ್ಪಿದೆಯೆಂದು ನೋಡಿದರಂತೆ.

ಸಿದ್ಧವಾದುದನ್ನು ಕೇಳಿದ ಗ್ರೇನರ್, ಇದನ್ನು ನಾನೇ ಬರೆದೆನೇ ಎಂದು ಬೆರಗಾದನು. ಸಂಭಾವನೆಯಲ್ಲಿ ಪಾಲು ಕೊಡಿಸಲೂ ಯತ್ನಿಸಿದನು. ಆದರೆ ಕಾರ್ಯಾಗಾರದ ನೌಕರರ ಹೆಸರು ಹೊರಬೀಳಬಾರದೆಂಬುದು ಸಂಸ್ಥೆಯ ಪದ್ಧತಿ. ರಾಗ ಬರೆದವನೇ ಕರ್ತೃ, ನಾದ ಕಟ್ಟಿದವಳು ಸಂಬಳದವಳು ಎಂದು ಕಛೇರಿ ಎಣಿಸಿತು. ಅದೇ ರಾಗವನ್ನು ಪಿಯಾನೋದ ಮೇಲೆ ನುಡಿಸಿದರೆ ಆ ಎಣಿಕೆಯ ತಪ್ಪು ಯಾರಿಗಾದರೂ ತಿಳಿದೀತು.

ಸಹಾರಾ ಮರುಭೂಮಿಯ ತ್ವಾರೆಗ್ ಜನರ ಚಿತ್ರವೊಂದಕ್ಕೆ ಈಕೆ ಆರಿಸಿಕೊಂಡುದು ಲೋಹದ ಹಸಿರು ದೀಪದ ಮುಚ್ಚಳ. ಅದನ್ನು ಬಡಿದು, ಬಡಿದ ಸದ್ದನ್ನು ಕತ್ತರಿಸಿ ಎಸೆದು, ಉಳಿದ ಅನುರಣನವನ್ನಷ್ಟೇ ಬಳಸಿದಳು. ವೀಣೆಯ ತಂತಿಯಿಂದ ಬೆರಳೆತ್ತಿದ ಮೇಲೆ ಉಳಿಯುವ ನಾದಕ್ಕೆ ಕಿವಿಗೊಡುವವರಿಗೆ ಇದರ ಸೊಗಸನ್ನು ವಿವರಿಸಬೇಕಾಗಿಲ್ಲ.

1973ರಲ್ಲಿ ಬಿ.ಬಿ.ಸಿ.ಯನ್ನು ಬಿಟ್ಟಳು. ಅನಿಲದ ಕೊಳವೆ ಹಾಕುವವರ ಬಳಿ ರೇಡಿಯೋ ನಿರ್ವಾಹಕಿಯಾಗಿಯೂ ದುಡಿದಳು. 2001ರಲ್ಲಿ 64ನೆಯ ವಯಸ್ಸಿನಲ್ಲಿ ತೀರಿಕೊಂಡ ಮೇಲೆ ಮನೆಯ ಅಟ್ಟದಲ್ಲಿ 267 ಟೇಪುಗಳು ದೊರೆತವು. ಈಗ ಅವು ಮ್ಯಾಂಚೆಸ್ಟರಿನಲ್ಲಿವೆ. ‘ಡಾಕ್ಟರ್ ಹೂ’ವಿನ ತೆರೆಯ ಮೇಲೆ ಡೀಲಿಯಾಳ ಹೆಸರು ಮೊದಲು ಮೂಡಿದುದು 2013ರಲ್ಲಿ, ಧಾರಾವಾಹಿಗೆ 50 ವರ್ಷ ತುಂಬಿದ ದಿನ.