ಗದುಗಿನ ಭಾರತವೂ ನಮ್ಮ ಮನೆಯೂ

ಕಾವ್ಯದ ಆಯುಷ್ಯವನ್ನು ಓಲೆಗರಿಗಳಿಂದ ಎಣಿಸಲಾಗದು. ಜನರ ನಾಲಗೆಯಿಂದ ಎಣಿಸಬೇಕು. ಕೋಳಿವಾಡದ ನಾರಣಪ್ಪನು, ಅಂದರೆ ಕುಮಾರವ್ಯಾಸನು, 15ನೆಯ ಶತಮಾನದಲ್ಲಿ ಗದುಗಿನ ವೀರನಾರಾಯಣನ ಸನ್ನಿಧಿಯಲ್ಲಿ ರಚಿಸಿದನೆಂದು ಪ್ರತೀತಿಯುಳ್ಳ ಭಾರತವೇ ಇದಕ್ಕೆ ನಿದರ್ಶನ. 18 ಪರ್ವಗಳಲ್ಲಿ ಮೊದಲಿನ 10ನ್ನು ಮಾತ್ರ ಆತನು ಕನ್ನಡಿಸಿದನು. ಉಳಿದವನ್ನು ತಿಮ್ಮಣ್ಣಕವಿಯು ಕೃಷ್ಣದೇವರಾಯನ ಆಶ್ರಯದಲ್ಲಿ ಪೂರೈಸಿದನು. ಭಾಮಿನೀ ಷಟ್ಪದಿಯಲ್ಲಿ ಮೂರು, ನಾಲ್ಕು ಮಾತ್ರೆಯ ಗಣಗಳು ಒಂದರ ಹಿಂದೊಂದು ನಡೆಯುವದರಿಂದ, ಗಮಕಿಗಳ ಬಾಯಿಂದ ಕೇಳಿದ ಪದ್ಯವು ಅಕ್ಷರವರಿಯದವರ ಕಿವಿಯಲ್ಲಿಯೂ ನೆಲೆನಿಲ್ಲುವದು. ಭಾರತದ ಪಾತ್ರಗಳಂತೂ ಆಡುಮಾತಿಗೇ ಇಳಿದಿವೆ. ಮನೆಮುರುಕನನ್ನು ಶಕುನಿಯೆನ್ನದ ಊರು ಯಾವದು?

ನಾವು ಬಹುಕಾಲ ಶಾಲೆಯಲ್ಲಿ ಈ ಕಾವ್ಯದ ಸಂಧಿ, ಸಮಾಸ, ಅಲಂಕಾರಗಳನ್ನು ಬಿಡಿಸಿ ಹೇಳಿದೆವು. ಭಾರತವನ್ನು ಬಲ್ಲೆವೆಂಬ ಹೆಮ್ಮೆಯೂ ನಮಗಿದ್ದಿತು. ಆ ದಿನಗಳಲ್ಲಿ ಒಮ್ಮೆ ಹುಲಿಹೈದರದಲ್ಲಿ ತೊಗಲುಗೊಂಬೆಯ ಆಟ ನಡೆಯಿತು. ನಮ್ಮ ಜಿಲ್ಲೆಗೆ ಈ ಕಲೆ ಹೊಸದಲ್ಲ. ಮೋರನಾಳದ ಭೀಮವ್ವ ಶಿಳ್ಳೇಕ್ಯಾತರಿಗೆ ಇದಕ್ಕಾಗಿಯೇ 2025ರಲ್ಲಿ ಪದ್ಮಶ್ರೀ ಪ್ರಶಸ್ತಿ ದೊರೆಯಿತು. ಅಂದಿನ ಆಟದಲ್ಲಿ ನಾವಾದರೋ ಉಚ್ಚಾರದ ದೋಷಗಳನ್ನು ಎಣಿಸುತ್ತ ಕುಳಿತಿದ್ದೆವು. ದ್ರೌಪದಿಯ ಸೀರೆ ಸೆಳೆಯುವ ಸಂದರ್ಭ ಮುಗಿದಾಗ, ಸಹಿ ಮಾಡಲೂ ಬಾರದ ನೆರೆಮನೆಯ ಮುದುಕಿಯು ಕಣ್ಣೊರಸಿಕೊಂಡು ನಮ್ಮನ್ನು ಕೇಳಿದಳು: “ಮಾಸ್ತರ್ರೀ, ಮನಿ ಹಿರಿಯ ಭೀಷ್ಮ ಅಲ್ಲೇ ಕುಂತಿದ್ನಲ್ರೀ, ಯಾಕ ಸುಮ್ನಿದ್ದ?”

ಧರ್ಮವು ಸೂಕ್ಷ್ಮವಾದುದೆಂದು ನಾವು ಶಾಸ್ತ್ರ ಹೇಳಹೋದೆವು.

“ಹಂಗಾದ್ರ ಹಿರೇತನ ಯಾತಕ್ಕರೀ?” ಎಂದಳು.

ಅಷ್ಟು ವರ್ಷಗಳಲ್ಲಿ ಒಬ್ಬ ವಿದ್ಯಾರ್ಥಿಗೂ ನಾವು ಆ ಪ್ರಶ್ನೆಯನ್ನು ಹಾಕಿರಲಿಲ್ಲ. ಮುಂದೆ ನಂಟರೊಬ್ಬರ ಮನೆಯಲ್ಲಿ ಸೊಸೆಯ ತವರಿನವರಿಂದ ಇನ್ನಷ್ಟು ಹಣ ತರಿಸಬೇಕೆಂಬ ಮಾತೆದ್ದಿತು. ಹಿರಿಯರೆಲ್ಲರೂ ನೆಲ ನೋಡುತ್ತ ಕುಳಿತರು, ನಾವೂ ಕುಳಿತಿದ್ದೆವು. ಆಗ ಮುದುಕಿಯ ಮಾತು ನೆನಪಾಯಿತು. ಇದು ಅನ್ಯಾಯವೆಂದು ಬಾಯಿಬಿಟ್ಟು ಹೇಳಿದೆವು. ಮಾತು ಅಲ್ಲಿಗೇ ನಿಂತಿತು. ನಂಟಸ್ತಿಕೆಯೂ ಕೆಲಕಾಲ ನಿಂತಿತು. ಅದಕ್ಕಾಗಿ ನಮಗೆ ಪಶ್ಚಾತ್ತಾಪವಿಲ್ಲ.

ಆದುದರಿಂದ ವಾಚಕ ಬಂಧುಗಳಲ್ಲಿ ನಮ್ಮ ಬಿನ್ನಹವಿಷ್ಟೆ: ಸಂಜೆ ದೀಪ ಹಚ್ಚಿದ ಮೇಲೆ ಮನೆಮಂದಿಯ ನಡುವೆ ಗದುಗಿನ ಭಾರತದ ನಾಲ್ಕು ಪದ್ಯಗಳನ್ನಾದರೂ ಗಟ್ಟಿಯಾಗಿ ಓದಿರಿ. ಅರ್ಥ ಹೇಳುವ ಅವಸರ ಬೇಡ. ಮಕ್ಕಳಿಂದಲೂ ಹೆಣ್ಣುಮಕ್ಕಳಿಂದಲೂ ಪ್ರಶ್ನೆ ಬರಲಿ. ಅದಕ್ಕೆ ತಕ್ಕ ಉತ್ತರವನ್ನು ನಮ್ಮ ನಡತೆಯಲ್ಲಿ ಹುಡುಕೋಣ.